ಪೈಲಟ್‌ನ ನಿದ್ದೆಗೆ ಕಾವಲು ಯಾರು?

ಡಿಸೆಂಬರ್ ಮೊದಲ ವಾರ ಮಂಗಳೂರು ಬಂದರ್‌ನ ಒಂದು ಚಹಾದಂಗಡಿಯಲ್ಲಿ ಕೇಳಿದ ಮಾತು. ಬೆಂಗಳೂರು ವಿಮಾನ ನಿಲ್ದಾಣದಲ್ಲಿ ರಾತ್ರಿಯಿಡೀ ಕೂತು, ಕೊನೆಗೆ ಬಸ್ ಹಿಡಿದು ಊರಿಗೆ ಬಂದ ಹುಡುಗನೊಬ್ಬನ ಮಾವ ಹೇಳುತ್ತಿದ್ದರು: "ಪೈಲಟ್‌ಗೆ ರೆಸ್ಟ್ ಕೊಡ್ಲಿಕ್ಕೆ ಹೋಗಿ ಪ್ಯಾಸೆಂಜರಿನ ರೆಸ್ಟ್ ಹಾಳು ಮಾಡಿದ್ರು ಮಾರಾಯ್ರೆ. ಈ ಸರಕಾರಕ್ಕೆ ಎಂತದಕ್ಕೆ ಬೇಕಿತ್ತು ಇದೆಲ್ಲ? ಕಂಪನಿ ಅದರಷ್ಟಕ್ಕೆ ಚೆನ್ನಾಗಿ ನಡೀತಾ ಇತ್ತಲ್ಲ." ಸುತ್ತ ಕೂತವರಲ್ಲಿ ಹೆಚ್ಚಿನವರು ಹೌದೆಂದು ತಲೆಯಾಡಿಸಿದರು. ನಾನು ಸುಮ್ಮನಿದ್ದೆ. ಆದರೆ ಆ ಮಾತು ಮನಸ್ಸಿನಿಂದ ಹೋಗಲಿಲ್ಲ. ಬೇರೆ ಯಾವ ಊರಿನವರು ಬೇಕಾದರೂ ಅದನ್ನು ಹೇಳಬಹುದಿತ್ತು, ಬಜ್ಪೆಯ ಗುಡ್ಡದ ಕೆಳಗೆ ಬದುಕುವ ನಾವು ಹೇಳಬಾರದಿತ್ತು ಅನ್ನಿಸಿತು.

ಮೊದಲು ಆಗಿದ್ದೇನು ಎಂಬುದನ್ನು ನೋಡೋಣ. ಡಿಸೆಂಬರ್ 2ರಿಂದ ಇಂಡಿಗೋ ವಿಮಾನಗಳು ಒಂದರ ಹಿಂದೆ ಒಂದರಂತೆ ರದ್ದಾಗತೊಡಗಿದವು. ದಿನಕ್ಕೆ 2,200ಕ್ಕೂ ಹೆಚ್ಚು ವಿಮಾನ ಹಾರಿಸುವ ಕಂಪನಿ ಅದು. ಡಿಸೆಂಬರ್ 5ರಂದು ಒಂದೇ ದಿನ ಸಾವಿರಕ್ಕೂ ಹೆಚ್ಚು ವಿಮಾನಗಳು ಹಾರಲಿಲ್ಲ. 3ರಿಂದ 5ರವರೆಗಿನ ಮೂರೇ ದಿನದಲ್ಲಿ 2,507 ವಿಮಾನ ರದ್ದಾದವು, 1,852 ತಡವಾದವು, ಮೂರು ಲಕ್ಷಕ್ಕಿಂತ ಹೆಚ್ಚು ಜನ ನಿಲ್ದಾಣಗಳಲ್ಲಿ ಸಿಕ್ಕಿಬಿದ್ದರು ಎಂದು ವಿಮಾನಯಾನ ಮಹಾನಿರ್ದೇಶನಾಲಯ, ಅಂದರೆ ಡಿಜಿಸಿಎ, ಈ ಜನವರಿಯಲ್ಲಿ ಹೇಳಿದೆ. ಉಳಿದ ಕಂಪನಿಗಳ ಟಿಕೆಟ್ ದರ ಆಕಾಶಕ್ಕೇರಿತು. ಕೇಂದ್ರ ಸರಕಾರ 6ನೇ ತಾರೀಕಿಗೆ ದರಕ್ಕೆ ಮಿತಿ ಹಾಕಿತು: 500 ಕಿ.ಮೀ. ಒಳಗಾದರೆ 7,500 ರೂಪಾಯಿ, 1,000 ಕಿ.ಮೀ. ತನಕ 12,000, 1,500ರ ತನಕ 15,000, ಅದಕ್ಕಿಂತ ದೂರ ಆದರೆ 18,000. ಅಷ್ಟರಲ್ಲಿ ದುಬಾರಿ ದರ ಕೊಟ್ಟವರು ಕೊಟ್ಟಾಗಿತ್ತು. ಮದುವೆ ತಪ್ಪಿದವರಿದ್ದರು, ಮಯ್ಯತ್ ನೋಡಲು ಸಿಗದವರಿದ್ದರು, ಪರೀಕ್ಷೆ ತಪ್ಪಿದ ಮಕ್ಕಳಿದ್ದರು.

ಕಂಪನಿ ಕೊಟ್ಟ ಕಾರಣಗಳಲ್ಲಿ ದೊಡ್ಡದು ಪೈಲಟ್‌ಗಳ ವಿಶ್ರಾಂತಿಯ ಹೊಸ ನಿಯಮ. ಹಾಗಾಗಿಯೇ ಚಹಾದಂಗಡಿಯ ಆ ಮಾತು. ಸರಕಾರ ಕೈಹಾಕಿತು, ಚೆನ್ನಾಗಿ ನಡೆಯುತ್ತಿದ್ದ ವ್ಯಾಪಾರ ಕೆಟ್ಟಿತು ಎಂಬ ಲೆಕ್ಕ. ವ್ಯಾಪಾರವೇ ಬದುಕಾಗಿರುವ ನಮ್ಮ ಸಮುದಾಯಕ್ಕೆ ಈ ತರ್ಕ ಬೇಗ ರುಚಿಸುತ್ತದೆ. ಪರವಾನಿಗೆ, ಇನ್‌ಸ್ಪೆಕ್ಟರ್, ಜಿಎಸ್‌ಟಿ ನೋಟಿಸ್ ಎಂದರೆ ಏನೆಂದು ಗೊತ್ತಿಲ್ಲದ ಅಂಗಡಿಯವರು ನಮ್ಮಲ್ಲಿಲ್ಲ.

ಆದರೆ ನಿಯಮ ಏನು ಹೇಳುತ್ತಿತ್ತು? ವಾರಕ್ಕೆ 36 ಗಂಟೆ ಸತತ ವಿಶ್ರಾಂತಿ ಸಾಕು ಎಂದಿದ್ದುದನ್ನು 48 ಗಂಟೆಗೆ ಏರಿಸಿತು. ರಾತ್ರಿ ಎಂದರೆ ನಡುರಾತ್ರಿ 12ರಿಂದ ಬೆಳಗ್ಗೆ 5ರ ತನಕ ಎಂದಿತ್ತು, ಅದನ್ನು 6 ಗಂಟೆಯ ತನಕ ಮಾಡಿತು. ರಾತ್ರಿ ಪಾಳಿಯಲ್ಲಿ ಒಬ್ಬ ಪೈಲಟ್ ಆರು ಸಲ ವಿಮಾನ ಇಳಿಸಬಹುದಿತ್ತು, ಅದನ್ನು ಎರಡಕ್ಕೆ ಇಳಿಸಿತು. ಸ್ಥೂಲವಾಗಿ ಇಷ್ಟೇ. ರಾತ್ರಿ ಬಸ್ ಓಡಿಸುವ ಡ್ರೈವರ್‌ನ ಮನೆಯವರಿಗೂ ಇದರ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ.

ಈಗ ಬಜ್ಪೆಗೆ ಬರೋಣ.

2010ರ ಮೇ 22, ಶನಿವಾರ. ದುಬೈಯಿಂದ ಬಂದ ಏರ್ ಇಂಡಿಯಾ ಎಕ್ಸ್‌ಪ್ರೆಸ್‌ನ ಐಎಕ್ಸ್ 812 ವಿಮಾನ ಬೆಳಗ್ಗೆ 6 ಗಂಟೆ ಕಳೆದು ಕೆಲವೇ ನಿಮಿಷಕ್ಕೆ ರನ್‌ವೇ ದಾಟಿ ಕಣಿವೆಗೆ ಬಿತ್ತು. ವಿಮಾನದಲ್ಲಿದ್ದ 166 ಮಂದಿಯಲ್ಲಿ 158 ಮಂದಿ ಸತ್ತರು. ಉಳಿದವರು ಎಂಟೇ ಜನ. ಮಂಗಳೂರು, ಉಳ್ಳಾಲ, ಕಾಸರಗೋಡು ಕಡೆಯ ಎಷ್ಟೋ ಮನೆಗಳಲ್ಲಿ ಆ ದಿನದ ಬಗ್ಗೆ ಇವತ್ತಿಗೂ ಜೋರಾಗಿ ಮಾತಾಡುವುದಿಲ್ಲ. ಗುರುತು ಸಿಗದ 12 ದೇಹಗಳನ್ನು ಒಟ್ಟಿಗೆ ದಫನ ಮಾಡಬೇಕಾಯಿತು. ನಮ್ಮಲ್ಲಿ ಹೆಚ್ಚಿನವರಿಗೆ ನೆನಪಿರುವುದು ಗುಡ್ಡ, ಚಿಕ್ಕ ರನ್‌ವೇ, ವಿದೇಶಿ ಪೈಲಟ್. ತನಿಖೆಯ ವರದಿಯಲ್ಲಿ ಇನ್ನೊಂದು ವಿಷಯ ಇದೆ. ಅದು ನಿದ್ದೆ.

ಕಾಕ್‌ಪಿಟ್‌ನ ಧ್ವನಿಮುದ್ರಣ ಯಂತ್ರದಲ್ಲಿ ಸಿಕ್ಕಿದ್ದು ಸುಮಾರು ಎರಡು ಗಂಟೆಯ ದಾಖಲೆ. ಅದರಲ್ಲಿ ಒಂದೂಮುಕ್ಕಾಲು ಗಂಟೆಯಷ್ಟು ಹೊತ್ತು ಮಾತಿಲ್ಲ. ಗೊರಕೆಯ ಸದ್ದು, ದೀರ್ಘ ಉಸಿರಾಟದ ಸದ್ದು. ಕ್ಯಾಪ್ಟನ್ ನಿದ್ದೆಯಲ್ಲಿದ್ದರು. ಎಚ್ಚರವಾದ ಮೇಲೂ ತಲೆ ಪೂರ್ತಿ ಎಚ್ಚರವಾಗದ ಸ್ಥಿತಿಯೊಂದು ಇರುತ್ತದಲ್ಲ, ನಿದ್ದೆಯ ಆ ಮಂಪರು ಅವರ ತೀರ್ಮಾನವನ್ನು ಕೆಡಿಸಿರಬಹುದು ಎಂದು ತನಿಖಾ ನ್ಯಾಯಾಲಯ ಹೇಳಿತು. ವಿಮಾನ ಇರಬೇಕಾದುದಕ್ಕಿಂತ ಬಹಳ ಎತ್ತರದಲ್ಲಿತ್ತು. ಸಹ ಪೈಲಟ್ ಇಳಿಸಬೇಡಿ, ಮೇಲಕ್ಕೆತ್ತಿ ಎಂದು ಮೂರು ಸಲ ಹೇಳಿದ್ದರು. ಯಂತ್ರವೂ ಎಚ್ಚರಿಸಿತ್ತು. ಕ್ಯಾಪ್ಟನ್ ಕೇಳಲಿಲ್ಲ. ಅಪಘಾತಕ್ಕೆ ನೇರ ಕಾರಣ ಅದೇ ಎಂದು ವರದಿ ಹೇಳುತ್ತದೆ.

ಆ ಸಿಬ್ಬಂದಿಯ ಪಾಳಿ ನೋಡಿ. ಹಿಂದಿನ ರಾತ್ರಿ ಒಂಬತ್ತೂವರೆ ಸುಮಾರಿಗೆ ಇದೇ ಮಂಗಳೂರಿನಿಂದ ಹೊರಟು ದುಬೈಗೆ ಹೋದವರು. ಅಲ್ಲಿಂದ ಅದೇ ವಿಮಾನದಲ್ಲಿ, ಅದೇ ರಾತ್ರಿ ವಾಪಸ್. ಬೆಳಗ್ಗಿನ ಜಾವ ಮನುಷ್ಯನ ದೇಹ ಅತ್ಯಂತ ಮಂಕಾಗಿರುವ ಹೊತ್ತಿಗೆ ದೇಶದ ಅತ್ಯಂತ ಕಷ್ಟದ ರನ್‌ವೇಗಳಲ್ಲಿ ಒಂದರ ಮೇಲೆ ಇಳಿಸಬೇಕು. ಇಲ್ಲಿ ಒಂದು ವಿಷಯ ನ್ಯಾಯವಾಗಿ ಹೇಳಬೇಕು: ಆ ಕ್ಯಾಪ್ಟನ್ ರಜೆ ಮುಗಿಸಿ ಬಂದವರು, ಕಾಗದದ ಪ್ರಕಾರ ಅವರಿಗೆ ವಿಶ್ರಾಂತಿ ಸಿಕ್ಕಿತ್ತು. ಹೊಸ ನಿಯಮ ಅಂದು ಇದ್ದಿದ್ದರೆ 158 ಜೀವ ಉಳಿಯುತ್ತಿತ್ತು ಎಂದು ನಾನು ಹೇಳುವುದಿಲ್ಲ. ಆದರೆ ರಾತ್ರಿಯ ಹಾರಾಟ ಹಗಲಿನ ಹಾರಾಟದಂತಲ್ಲ, ಅದಕ್ಕೆ ಬೇರೆಯೇ ಲೆಕ್ಕ ಬೇಕು ಎಂಬುದನ್ನು ಈ ದೇಶಕ್ಕೆ ಹೇಳಿಕೊಟ್ಟ ಜಾಗಗಳಲ್ಲಿ ನಮ್ಮ ಊರೂ ಒಂದು.

ಹತ್ತು ವರ್ಷ ಕಳೆದು 2020ರ ಆಗಸ್ಟ್ 7ರಂದು ಕೋಝಿಕ್ಕೋಡ್‌ನಲ್ಲಿ ಅಂಥದೇ ಗುಡ್ಡದ ತುದಿಯ ರನ್‌ವೇಯಲ್ಲಿ ಮಳೆಯ ನಡುವೆ ಮತ್ತೊಂದು ದುಬೈ ವಿಮಾನ ಜಾರಿತು. ಅಲ್ಲಿ 21 ಮಂದಿ ತೀರಿಕೊಂಡರು. ಆ ತನಿಖೆಯ ವರದಿಯಲ್ಲೂ ಒಂದು ಸಾಲು ಇದೆ, ಓದಿದರೆ ಹೊಟ್ಟೆ ಉರಿಯುತ್ತದೆ: ಕೋಝಿಕ್ಕೋಡ್‌ನಲ್ಲಿ ಸಾಕಷ್ಟು ಕ್ಯಾಪ್ಟನ್‌ಗಳು ಇರಲಿಲ್ಲ, ಮರುದಿನ ಬೆಳಗ್ಗೆ ಅದೇ ಪೈಲಟ್ ಇನ್ನೊಂದು ವಿಮಾನ ಕೊಂಡೊಯ್ಯಬೇಕಿತ್ತು, ಹೇಗಾದರೂ ಅಲ್ಲೇ ಇಳಿಸಬೇಕೆಂಬ ಒತ್ತಡಕ್ಕೆ ಅದೂ ಕಾರಣ. ಅಂದರೆ ಎಷ್ಟು ಪೈಲಟ್‌ಗಳನ್ನು ನೇಮಿಸಬೇಕು ಎಂಬ ಆಫೀಸಿನ ಲೆಕ್ಕ ಕೊನೆಗೆ ರನ್‌ವೇಯ ಮೇಲೆ ಬಂದು ನಿಂತಿತ್ತು.

ಪೈಲಟ್‌ಗಳ ವಿಶ್ರಾಂತಿ ನಿಯಮ ದಿಢೀರನೆ ಬಂದದ್ದಲ್ಲ. ಡಿಜಿಸಿಎ ಅದನ್ನು ಪ್ರಕಟಿಸಿದ್ದು 2024ರ ಜನವರಿಯಲ್ಲಿ. ಜೂನ್ 1ರಿಂದ ಜಾರಿ ಎಂದಿತ್ತು. ವಿಮಾನ ಕಂಪನಿಗಳು ಒಟ್ಟಾಗಿ ವಿರೋಧಿಸಿದವು: ಪೈಲಟ್‌ಗಳು ಸಾಲುವುದಿಲ್ಲ, ವಿಮಾನ ಕಡಿಮೆ ಮಾಡಬೇಕಾಗುತ್ತದೆ, ಸಮಯ ಕೊಡಿ. ಡಿಜಿಸಿಎ ಮುಂದೂಡಿತು. ಪೈಲಟ್‌ಗಳ ಸಂಘಟನೆಗಳು ದಿಲ್ಲಿ ಹೈಕೋರ್ಟ್‌ಗೆ ಹೋದವು. ಅಲ್ಲಿಯ ಪ್ರಕರಣದ ನಂತರ ಎರಡು ಹಂತದಲ್ಲಿ ಜಾರಿ ಎಂದಾಯಿತು, 2025ರ ಜುಲೈ 1ಕ್ಕೆ ಒಂದು ಹಂತ, ನವೆಂಬರ್ 1ಕ್ಕೆ ಉಳಿದದ್ದು. ನಿಯಮ ಪ್ರಕಟವಾದ ದಿನದಿಂದ ಲೆಕ್ಕ ಹಾಕಿದರೆ ಹತ್ತಿರ ಹತ್ತಿರ ಎರಡು ವರ್ಷ. ಹೊಸ ಅಂಗಡಿ ಹಾಕುವವರಿಗೆ ನಗರಪಾಲಿಕೆ ಎರಡು ತಿಂಗಳೂ ಕೊಡುವುದಿಲ್ಲ.

ಆ ಎರಡು ವರ್ಷದಲ್ಲಿ ಕಂಪನಿ ಏನು ಮಾಡಿತು? ಪೈಲಟ್‌ಗಳ ಒಕ್ಕೂಟದ ಆರೋಪ, ನೇಮಕಾತಿಯನ್ನೇ ತಡೆಹಿಡಿದಿತ್ತು ಎಂಬುದು. ಅದು ಒಂದು ಕಡೆಯವರ ಮಾತು, ಬಿಡಿ. ಆದರೆ ಡಿಜಿಸಿಎ ನೇಮಿಸಿದ ಸಮಿತಿ ಕಂಡುಕೊಂಡದ್ದೂ ಅದಕ್ಕೆ ದೂರವಿಲ್ಲ: ಇರುವ ಸಿಬ್ಬಂದಿ, ವಿಮಾನ, ಸಮಯ ಎಲ್ಲವನ್ನೂ ಕೊನೆಯ ಹನಿಯ ತನಕ ಹಿಂಡುವ ಯೋಜನೆ, ನಿಯಮಕ್ಕೆ ಬೇಕಾದ ತಯಾರಿ ಇಲ್ಲದಿರುವುದು, ಸಾಫ್ಟ್‌ವೇರ್‌ನ ದೋಷ, ಮೇಲಿನವರ ಮೇಲ್ವಿಚಾರಣೆಯ ಕೊರತೆ. ಬೇರೆ ಕಂಪನಿಗಳಿಗೂ ಇದೇ ನಿಯಮ ಇತ್ತು, ಅವು ಹೀಗೆ ಕುಸಿಯಲಿಲ್ಲ. ಹಾಗಾಗಿ ನಿಯಮದಿಂದ ವ್ಯಾಪಾರ ಕೆಟ್ಟಿತು ಎನ್ನುವುದು ಸರಿಯಲ್ಲ. ನಿಯಮ ಜಾರಿಗೆ ಬರುವುದಿಲ್ಲ, ಬಂದರೂ ಹಿಂದಕ್ಕೆ ಹೋಗುತ್ತದೆ ಎಂಬ ನಂಬಿಕೆಯಿಂದ ಕೆಟ್ಟಿತು ಎನ್ನುವುದು ನನಗೆ ಹೆಚ್ಚು ಸರಿ ಕಾಣುತ್ತದೆ.

ಆ ನಂಬಿಕೆ ಸುಳ್ಳೂ ಆಗಲಿಲ್ಲ. ಡಿಸೆಂಬರ್ 5ರಂದು ಡಿಜಿಸಿಎ ಎರಡು ಹೆಜ್ಜೆ ಹಿಂದಿಟ್ಟಿತು. ಪೈಲಟ್ ಹಾಕಿದ ರಜೆಯನ್ನೇ ವಾರದ ವಿಶ್ರಾಂತಿ ಎಂದು ಲೆಕ್ಕ ಹಿಡಿಯಬಾರದು ಎಂಬ ಸೂಚನೆಯನ್ನು ವಾಪಸ್ ತೆಗೆದುಕೊಂಡಿತು. ಇಂಡಿಗೋಗೆ ರಾತ್ರಿ ಪಾಳಿಯ ನಿಯಮಗಳಿಂದ ಫೆಬ್ರವರಿ 10ರ ತನಕ ವಿನಾಯಿತಿ ಕೊಟ್ಟಿತು. ಯಾವ ಕಂಪನಿ ತಯಾರಿ ಮಾಡಲಿಲ್ಲವೋ ಅದಕ್ಕೇ ವಿನಾಯಿತಿ. ತಯಾರಿ ಮಾಡಿ, ಹೆಚ್ಚು ಪೈಲಟ್‌ಗಳಿಗೆ ಸಂಬಳ ಕೊಟ್ಟು ಕೂತವರಿಗೆ ಏನೂ ಇಲ್ಲ.

ಸರಕಾರ ಯಾಕೆ ಹೆದರಿತು ಎಂದರೆ ಬೇರೆ ದಾರಿ ಇರಲಿಲ್ಲ. ಅದೇ ಇಲ್ಲಿ ನಿಜವಾದ ಸಮಸ್ಯೆ. ದೇಶದೊಳಗೆ ಹಾರುವ 100 ಪ್ರಯಾಣಿಕರಲ್ಲಿ ಸುಮಾರು 65 ಮಂದಿ ಈ ಒಂದೇ ಕಂಪನಿಯ ವಿಮಾನದಲ್ಲಿ ಹಾರುತ್ತಾರೆ. ನಮ್ಮ ಧಕ್ಕೆಗೆ ದಿನಕ್ಕೆ ಬರುವ ನೂರು ಬುಟ್ಟಿ ಮೀನಿನಲ್ಲಿ 65 ಬುಟ್ಟಿ ಒಬ್ಬನ ಬೋಟಿನಿಂದಲೇ ಬರುತ್ತದೆ ಎಂದುಕೊಳ್ಳಿ. ಅವನ ತಕ್ಕಡಿ ಸರಿ ಇಲ್ಲ ಎಂದು ಯಾರು ಹೇಳುತ್ತಾರೆ? ಅವನು ಲಂಚ ಕೊಡಬೇಕಾಗಿಲ್ಲ, ಬೆದರಿಸಬೇಕಾಗಿಲ್ಲ. ಒಂದು ದಿನ ಬೋಟು ಕಟ್ಟಿ ಕೂತರೆ ಸಾಕು, ಊರೇ ಹೋಗಿ ಇನ್‌ಸ್ಪೆಕ್ಟರನ್ನು ಬಯ್ಯುತ್ತದೆ. ಇಂಡಿಗೋ ಬೇಕೆಂದೇ ಹೀಗೆ ಮಾಡಿತು ಎಂದು ನಾನು ಹೇಳುತ್ತಿಲ್ಲ, ಅದಕ್ಕೆ ಸಾಕ್ಷ್ಯ ಇಲ್ಲ. ಬೇಕೆಂದು ಮಾಡದಿದ್ದರೂ ಫಲ ಅದೇ ಆಯಿತು.

ಇಷ್ಟು ಹೇಳಿ ನಿಲ್ಲಿಸಿದರೆ ಅನ್ಯಾಯವಾಗುತ್ತದೆ. ಈ ಕಂಪನಿ ಬೆಳೆದದ್ದು ಸರಕಾರದ ದಯೆಯಿಂದಲ್ಲ. 1994ರಲ್ಲಿ ಸರಕಾರಿ ಏಕಸ್ವಾಮ್ಯದ ಹಳೆಯ ಕಾನೂನು ರದ್ದಾಗುವ ತನಕ ವಿಮಾನ ಎಂದರೆ ದೊಡ್ಡವರ ಸವಾರಿ. ಮಂಗಳೂರಿನಿಂದ ಗಲ್ಫ್‌ಗೆ ಹೋಗುವವರು ಬಸ್ಸಿನಲ್ಲಿ ಬೊಂಬಾಯಿಗೆ ಹೋಗಿ ಅಲ್ಲಿಂದ ಹಾರುತ್ತಿದ್ದುದು ನಮ್ಮ ಬಾಪಂದಿರ ಕಾಲದ ಕತೆಯಲ್ಲ, ನಮ್ಮದೇ ಕಾಲದ್ದು. ಬಜ್ಪೆಯಿಂದ ಮೊದಲ ದುಬೈ ವಿಮಾನ ಹಾರಿದ್ದು 2006ರ ಅಕ್ಟೋಬರ್ 3ಕ್ಕೆ. ಇಂಡಿಗೋ ಶುರುವಾದದ್ದೂ ಅದೇ ವರ್ಷ ಆಗಸ್ಟ್‌ನಲ್ಲಿ. ಸಮಯಕ್ಕೆ ಸರಿಯಾಗಿ ಹೊರಡುವ, ಅಗ್ಗದ, ಆಡಂಬರ ಇಲ್ಲದ ವಿಮಾನ. ಹೊಟೇಲ್ ಸಪ್ಲೈಯರ್ ಹುಡುಗನೂ ಬೆಂಗಳೂರಿಗೆ ಹಾರಿದ್ದು ಇದರಿಂದ. ಆ ಬೆಳವಣಿಗೆ ಸುಳ್ಳಲ್ಲ. ಎಲ್ಲದಕ್ಕೂ ಲೈಸನ್ಸ್, ಎಲ್ಲದಕ್ಕೂ ಫೈಲು ಎಂಬ ಕಾಲಕ್ಕೆ ವಾಪಸ್ ಹೋಗೋಣ ಎನ್ನುವವರು ಆ ಕಾಲವನ್ನು ನೋಡಿಲ್ಲ, ಇಲ್ಲವೇ ಮರೆತಿದ್ದಾರೆ.

ಜತೆಗೆ ಇದು ಬಲು ಅಪಾಯದ ವ್ಯಾಪಾರ. ನಮ್ಮ ಜಿಲ್ಲೆಯ ನಂಟಿರುವ ಮಲ್ಯರ ಕಿಂಗ್‌ಫಿಶರ್ 2012ರಲ್ಲಿ ನಿಂತಿತು. 2019ರ ಏಪ್ರಿಲ್‌ನಲ್ಲಿ ಜೆಟ್, 2023ರ ಮೇಯಲ್ಲಿ ಗೋ ಫಸ್ಟ್. ವಿಮಾನದ ಇಂಧನ ಇವತ್ತಿಗೂ ಜಿಎಸ್‌ಟಿಯ ಹೊರಗಿದೆ, ಒಂದೊಂದು ರಾಜ್ಯದಲ್ಲಿ ಒಂದೊಂದು ತೆರಿಗೆ. ಲಾಭದ ಅಂಚು ತೆಳು. ಟಾಟಾ 2022ರಲ್ಲಿ ಏರ್ ಇಂಡಿಯಾ ಕೊಂಡ ಮೇಲೆ ವಿಸ್ತಾರ, ಏರ್ ಏಶ್ಯಾ ಇಂಡಿಯಾ ಎರಡೂ ಅದರೊಳಗೆ ಸೇರಿಹೋದವು. ಈಗ ದೇಶದ ಆಕಾಶದಲ್ಲಿ ಹೆಚ್ಚುಕಡಿಮೆ ಹತ್ತರಲ್ಲಿ ಒಂಬತ್ತು ಪಾಲು ಎರಡೇ ಗುಂಪಿನದ್ದು. ಸತ್ತ ಪ್ರತಿ ಕಂಪನಿಯ ಪ್ರಯಾಣಿಕರು ಉಳಿದವರ ಬಳಿಗೆ ಹೋದರು, ಉಳಿದವರು ಇನ್ನಷ್ಟು ದೊಡ್ಡವರಾದರು.

ಕಾನೂನಿನ ಪ್ರಕಾರ ದೊಡ್ಡವರಾಗುವುದು ಅಪರಾಧ ಅಲ್ಲ. 2002ರ ಸ್ಪರ್ಧಾ ಕಾಯಿದೆ ಹೇಳುವುದೂ ಅದನ್ನೇ: ಪ್ರಾಬಲ್ಯ ಇರಬಹುದು, ಅದರ ದುರುಪಯೋಗ ಆಗಬಾರದು. ಡಿಸೆಂಬರ್ ಗೊಂದಲದ ನಂತರ ಸ್ಪರ್ಧಾ ಆಯೋಗ ಈ ದೃಷ್ಟಿಯಿಂದ ಪರಿಶೀಲನೆ ಮುಂದುವರಿಸುವುದಾಗಿ ಹೇಳಿದೆ. ಆಗಲಿ. ಆದರೆ ದುರುಪಯೋಗ ಸಾಬೀತಾಗಬೇಕಾದರೆ ವರ್ಷಗಟ್ಟಲೆ ಬೇಕು, ಅದರ ಮೇಲೆ ಅಪೀಲು, ಮತ್ತೆ ಅಪೀಲು.

ದಂಡದ ಲೆಕ್ಕ ಸ್ವಲ್ಪ ಕೂತು ನೋಡಬೇಕು. ಈ ಜನವರಿಯಲ್ಲಿ ಡಿಜಿಸಿಎ ಇಂಡಿಗೋಗೆ ಹಾಕಿದ ದಂಡ 22.20 ಕೋಟಿ ರೂಪಾಯಿ. ಅದರಲ್ಲಿ 20.40 ಕೋಟಿ ಬಂದದ್ದು ದಿನಕ್ಕೆ 30 ಲಕ್ಷದಂತೆ 68 ದಿನಕ್ಕೆ. ಕೇಳಲು ದೊಡ್ಡದು, ಟಿವಿಯಲ್ಲೂ ದೊಡ್ಡ ಅಕ್ಷರದಲ್ಲಿ ಬಂತು. ಕಂಪನಿ 2024-25ರಲ್ಲಿ ಗಳಿಸಿದ ನಿವ್ವಳ ಲಾಭ 7,258 ಕೋಟಿ. 365ರಿಂದ ಭಾಗಿಸಿದರೆ ದಿನಕ್ಕೆ ಹತ್ತಿರ ಹತ್ತಿರ 20 ಕೋಟಿ. ಅಂದರೆ ಮೂರು ಲಕ್ಷ ಜನರನ್ನು ನಿಲ್ದಾಣದ ನೆಲದ ಮೇಲೆ ಮಲಗಿಸಿದ್ದಕ್ಕೆ ಒಂದು ದಿನದ ಲಾಭ, ಮತ್ತೆ ಸ್ವಲ್ಪ ಚಿಲ್ಲರೆ. ದಿನಕ್ಕೆ 20 ಕೋಟಿ ಲಾಭ ಇರುವವರಿಗೆ ದಿನಕ್ಕೆ 30 ಲಕ್ಷ ದಂಡ ಎಂದರೆ ಅದು ದಂಡವಲ್ಲ, ಬಾಡಿಗೆ. ಇನ್ನೂರು ಪೈಲಟ್ ಹೆಚ್ಚು ನೇಮಿಸುವುದೋ ದಂಡ ಕಟ್ಟುವುದೋ ಎಂದು ಲೆಕ್ಕ ಹಾಕಿದರೆ ಯಾವುದು ಅಗ್ಗ ಎಂದು ಬಂದರ್‌ನ ಯಾವ ಸಗಟು ವ್ಯಾಪಾರಿಯೂ ಹೇಳಬಲ್ಲ.

ತಪ್ಪು ಅಧಿಕಾರಿಗಳದ್ದು ಎಂದು ಪೂರ್ತಿ ಹೇಳಲಾಗದು. ವಿಮಾನಯಾನ ಕಾನೂನಿನಲ್ಲಿ ಒಂದು ಉಲ್ಲಂಘನೆಗೆ ಹಾಕಬಹುದಾದ ದಂಡದ ಗರಿಷ್ಠ ಮಿತಿ ಒಂದು ಕೋಟಿ, ಅದೂ 2020ರ ತಿದ್ದುಪಡಿಯ ನಂತರ, ಅದಕ್ಕೆ ಮೊದಲು ಹತ್ತು ಲಕ್ಷ ಇತ್ತು. ಸ್ಪರ್ಧಾ ಕಾಯಿದೆಯಲ್ಲಾದರೆ ವಹಿವಾಟಿನ ಶೇ. 10ರ ತನಕ ದಂಡ ಹಾಕಬಹುದು. ವರ್ಷಕ್ಕೆ 80 ಸಾವಿರ ಕೋಟಿಗೂ ಮಿಕ್ಕಿ ವಹಿವಾಟು ಮಾಡುವ ಕಂಪನಿಗೆ ಈ ಎರಡರಲ್ಲಿ ಯಾವುದು ನಿದ್ದೆ ಕೆಡಿಸುತ್ತದೆ? 1934ರ ಹಳೆಯ ಕಾಯಿದೆ ತೆಗೆದು ಹೊಸ ಭಾರತೀಯ ವಾಯುಯಾನ ಅಧಿನಿಯಮ 2025ರ ಜನವರಿ 1ರಿಂದ ಜಾರಿಗೆ ಬಂತು. ಹೆಸರು ಬದಲಾಯಿತು, ಈ ಮಿತಿಯನ್ನು ಬದಲಾಯಿಸುವ ಅವಕಾಶ ಹೋಯಿತು. ಇನ್ನು ನಿಯಂತ್ರಿಸಬೇಕಾದ ಡಿಜಿಸಿಎಯಲ್ಲಿ ಮಂಜೂರಾದ ಹುದ್ದೆಗಳಲ್ಲಿ ಅರ್ಧಕ್ಕೆ ಹತ್ತಿರ ಖಾಲಿ ಇವೆ ಎಂದು ಸಂಸತ್ತಿನ ಸ್ಥಾಯಿ ಸಮಿತಿ ಕಳೆದ ಆಗಸ್ಟ್‌ನಲ್ಲೇ ಎಚ್ಚರಿಸಿತ್ತು. ನಾಲ್ಕು ನೂರಕ್ಕೂ ಹೆಚ್ಚು ವಿಮಾನ ಇರುವ ಕಂಪನಿಯ ಪಾಳಿಪಟ್ಟಿ ನೋಡಲು ಕುರ್ಚಿ ಉಂಟು, ಕೂರಲು ಜನ ಇಲ್ಲ.

ಇನ್ನು ಗಲ್ಫ್ ಟಿಕೆಟ್ಟಿನ ಮಾತು. ಅದಿಲ್ಲದೆ ನಮ್ಮ ಮನೆಗಳಲ್ಲಿ ವಿಮಾನದ ಮಾತು ಮುಗಿಯುವುದಿಲ್ಲ. ಡಿಸೆಂಬರ್‌ನಲ್ಲಿ ಸರಕಾರ ಹಾಕಿದ ದರಮಿತಿ ದೇಶದೊಳಗಿನ ಹಾರಾಟಕ್ಕೆ ಮಾತ್ರ. ಶಾಲೆಯ ರಜೆ, ಪೆರ್ನಾಲ್, ಮದುವೆಯ ಸೀಸನ್ ಬಂದಾಗ ದುಬೈ, ದಮ್ಮಾಮ್ ದರ ಎರಡು ಮೂರು ಪಟ್ಟು ಏರುವುದಕ್ಕೆ ಯಾವ ಮಿತಿಯೂ ಇಲ್ಲ. "ಇದಕ್ಕೆ ಸರಕಾರ ಯಾಕೆ ಕೈಹಾಕುವುದಿಲ್ಲ?" ಎಂದು ನಾವು ಕೇಳುತ್ತೇವೆ. ಸತ್ಯ ಏನೆಂದರೆ ಸರಕಾರ ಇಲ್ಲಿ ಈಗಾಗಲೇ ಕೈಹಾಕಿದೆ, ಬೇರೆ ಕಡೆಯಿಂದ.

ಎರಡು ದೇಶಗಳ ನಡುವೆ ವಾರಕ್ಕೆ ಎಷ್ಟು ಸೀಟು ಎಂಬುದನ್ನು ಸರಕಾರಗಳು ಒಪ್ಪಂದ ಮಾಡಿಕೊಂಡು ತೀರ್ಮಾನಿಸುತ್ತವೆ. ಭಾರತ ಮತ್ತು ದುಬೈ ನಡುವೆ ಒಂದೊಂದು ಕಡೆಗೆ ವಾರಕ್ಕೆ ಸುಮಾರು 66 ಸಾವಿರ ಸೀಟು. ಈ ಸಂಖ್ಯೆ 2014ರದ್ದು. ಅಲ್ಲಿಂದೀಚೆಗೆ ದುಬೈಗೆ ಹೋದ ನಮ್ಮವರು ಎಷ್ಟು ಹೆಚ್ಚಿದರು, ಎಷ್ಟು ಮಕ್ಕಳು ಅಲ್ಲೇ ಹುಟ್ಟಿ ಶಾಲೆಗೆ ಹೋಗುತ್ತಿದ್ದಾರೆ! ಸೀಟು ಮಾತ್ರ ಅಷ್ಟೇ. ಇನ್ನೂ ಬೇಕೆಂದು ದುಬೈ ಕಡೆಯವರು ವರ್ಷಗಳಿಂದ ಕೇಳುತ್ತಿದ್ದಾರೆ, ನಮ್ಮ ಸರಕಾರ ಒಪ್ಪಿಲ್ಲ. ಇನ್ನೊಂದು ಬೇಲಿಯೂ ಇದೆ: ವಿದೇಶಿ ಕಂಪನಿಗಳು ಭಾರತದ ಯಾವ ಯಾವ ನಿಲ್ದಾಣಕ್ಕೆ ಬರಬಹುದು ಎಂಬ ಪಟ್ಟಿ. ಕಣ್ಣೂರಿನವರು ಆ ಪಟ್ಟಿಗೆ ಸೇರಲು ಎಷ್ಟು ಕಾಲದಿಂದ ಗೋಗರೆಯುತ್ತಿದ್ದಾರೆ ಎಂಬುದು ಗಡಿಯಾಚೆ ನೆಂಟರಿರುವ ನಮಗೆ ಗೊತ್ತು. ಮಂಗಳೂರಿನಿಂದ ಗಲ್ಫ್‌ಗೆ ಹಾರುವುದೂ ಭಾರತೀಯ ಕಂಪನಿಗಳ ವಿಮಾನಗಳೇ. ಎಮಿರೇಟ್ಸ್ ಹತ್ತಬೇಕಾದರೆ ಬೆಂಗಳೂರಿಗೋ ಕೊಚ್ಚಿಗೋ ಹೋಗಬೇಕು.

ಸರಕಾರದ ವಾದವನ್ನು ತಳ್ಳಿಹಾಕಲು ಬರುವುದಿಲ್ಲ. ಬಾಗಿಲು ಪೂರ್ತಿ ತೆರೆದರೆ ಗಲ್ಫ್ ಕಂಪನಿಗಳು ನಮ್ಮ ಪ್ರಯಾಣಿಕರನ್ನು ದುಬೈ, ದೋಹಾಕ್ಕೆ ಒಯ್ದು ಅಲ್ಲಿಂದ ಯುರೋಪ್, ಅಮೆರಿಕಕ್ಕೆ ಹಾರಿಸುತ್ತವೆ. ಹಾಗಾದರೆ ದಿಲ್ಲಿ, ಮುಂಬೈ ಎಂದೂ ದೊಡ್ಡ ಜಂಕ್ಷನ್ ಆಗುವುದಿಲ್ಲ. ಇಂಡಿಗೋ 2023ರಲ್ಲಿ 500 ವಿಮಾನಕ್ಕೆ ಆರ್ಡರ್ ಕೊಟ್ಟಿದೆ, ಏರ್ ಇಂಡಿಯಾ 470ಕ್ಕೆ. ಇಷ್ಟು ಹಣ ಹಾಕಿದವರಿಗೆ ಸ್ವಲ್ಪ ಕಾಲ ನೆರಳು ಬೇಡವೇ ಎಂಬುದು ಪ್ರಶ್ನೆ. ನ್ಯೂಯಾರ್ಕ್‌ಗೆ ಹೋಗುವವರ ವಿಷಯದಲ್ಲಿ ಇದು ಸರಿ ಇರಬಹುದು. ಆದರೆ ಜೆಬೆಲ್ ಅಲಿಯ ಗೋದಾಮಿನಲ್ಲಿ ದುಡಿಯುವ ಫರಂಗಿಪೇಟೆಯ ಹುಡುಗನಿಗೆ ದುಬೈಯೇ ಕೊನೆಯ ನಿಲ್ದಾಣ. ಅವನು ಯಾವ ಜಂಕ್ಷನ್ ದಾಟಿಯೂ ಹೋಗುತ್ತಿಲ್ಲ. ದೇಶದ ಎರಡು ದೊಡ್ಡ ಕಂಪನಿಗಳು ಬೆಳೆಯಲೆಂದು ಕಟ್ಟಿದ ಬೇಲಿಯ ಖರ್ಚನ್ನು ಎರಡು ವರ್ಷಕ್ಕೊಮ್ಮೆ ಊರಿಗೆ ಬರುವ ಅವನ ಸಂಬಳದಿಂದ ವಸೂಲು ಮಾಡಲಾಗುತ್ತಿದೆ.

ಹಾಗಾಗಿ ಸರಕಾರದ ನಿಯಂತ್ರಣ ಬೇಕೋ ಬೇಡವೋ ಎಂದು ಟಿವಿಯಲ್ಲಿ ಕಿರುಚಾಡುವುದು ನನಗೆ ಅರ್ಥವಾಗುವುದಿಲ್ಲ. ನಿಯಂತ್ರಣ ಎರಡೂ ಕಡೆ ಇದೆ. ಪೈಲಟ್‌ನ ನಿದ್ದೆಯ ವಿಷಯ ಬಂದಾಗ ವ್ಯಾಪಾರಕ್ಕೆ ತೊಂದರೆ ಎಂದು ಸಡಿಲಾಗುತ್ತದೆ, ಹೊರಗಿನ ಪೈಪೋಟಿಯ ವಿಷಯ ಬಂದಾಗ ಅದೇ ವ್ಯಾಪಾರಕ್ಕಾಗಿ ಬಿಗಿಯಾಗುತ್ತದೆ. ಎರಡೂ ಸಲ ಬೆಳವಣಿಗೆಯ ಹೆಸರು.

ಇದನ್ನು ತಿರುಗಿಸಿ ನಿಲ್ಲಿಸಬೇಕು ಎಂಬುದು ನನ್ನ ಅಭಿಪ್ರಾಯ. ಜೀವದ ವಿಷಯದಲ್ಲಿ ಬಿಗಿ, ಸೀಟಿನ ವಿಷಯದಲ್ಲಿ ಸಡಿಲ. ಪ್ರತಿ ಕಂಪನಿ ತನ್ನಲ್ಲಿ ಎಷ್ಟು ಪೈಲಟ್‌ಗಳಿದ್ದಾರೆ, ನಿಯಮಕ್ಕೆ ಎಷ್ಟು ಬೇಕು ಎಂದು ತಿಂಗಳು ತಿಂಗಳು ಬಹಿರಂಗಪಡಿಸಲಿ. ಹಾಗೆ ಮಾಡಿದ್ದರೆ ಡಿಸೆಂಬರ್ ಕುಸಿತ ಆಗಸ್ಟ್‌ನಲ್ಲೇ ಕಾಣುತ್ತಿತ್ತು. ಪೈಲಟ್‌ಗಳಿಲ್ಲದಿದ್ದರೆ ಹೊಸ ವೇಳಾಪಟ್ಟಿ ಕೊಡಬೇಡಿ. ಡಿಸೆಂಬರ್‌ನಲ್ಲಿ ಇಂಡಿಗೋದ ಶೇ. 10ರಷ್ಟು ಹಾರಾಟ ಕಡಿತ ಮಾಡಿದ್ದು ಸರಿಯಾದ ಕ್ರಮ, ಆದರೆ ಅದನ್ನು ಮಾಡಬೇಕಿದ್ದುದು ನವೆಂಬರ್ 1ಕ್ಕೆ ಮೊದಲು. ಗಲ್ಫ್‌ಗೆ ಸೀಟು ಹೆಚ್ಚಿಸಲಿ, ಕೊನೇಪಕ್ಷ ಮಂಗಳೂರು, ಕಣ್ಣೂರಿನಂಥ ಊರುಗಳಿಂದಾದರೂ. ಎಲ್ಲ ಕಾಲಕ್ಕೂ ದರಮಿತಿ ಬೇಕು ಎನ್ನುವವರ ಜತೆ ನಾನಿಲ್ಲ. ತುರ್ತಿನಲ್ಲಿ ಅದು ಬೇಕು, ಆದರೆ ಮಿತಿ ಹಾಕಿದ ಕೂಡಲೇ ಸೀಟು ಹುಟ್ಟುವುದಿಲ್ಲ. ಅಕ್ಕಿಗೆ ದರ ಕಟ್ಟಿದ ದಿನಗಳಲ್ಲಿ ಅಂಗಡಿಯಲ್ಲಿ ಅಕ್ಕಿಯೇ ಇರುತ್ತಿರಲಿಲ್ಲ ಎಂದು ಹಿರಿಯರು ಹೇಳುವುದನ್ನು ಕೇಳಿದ್ದೇವೆ.

ಇದರಿಂದೆಲ್ಲ ವಿಮಾನದ ದರ ಸ್ವಲ್ಪ ಏರಬಹುದು. ಹೆಚ್ಚು ಪೈಲಟ್, ಹೆಚ್ಚು ಸಂಬಳ, ರಾತ್ರಿ ಹಾರಾಟ ಕಡಿಮೆ. ಆ ಖರ್ಚು ಎಲ್ಲಿಂದಲೋ ಬರಬೇಕು, ಟಿಕೆಟ್‌ನಿಂದಲೇ ಬರುತ್ತದೆ. ಅದನ್ನು ಮುಚ್ಚಿಟ್ಟು ಬರೆಯುವುದು ಸರಿಯಲ್ಲ. ಆದರೆ ಇನ್ನೊಂದು ಖರ್ಚನ್ನೂ ನೆನಪಿಡಬೇಕು. ಮಂಗಳೂರು ದುರಂತದ ಕುಟುಂಬಗಳು ಪರಿಹಾರಕ್ಕಾಗಿ ಕೋರ್ಟ್‌ಗಳಲ್ಲಿ ಅಲೆದದ್ದು ಎಷ್ಟು ಕಾಲ? ಒಂದು ಕುಟುಂಬಕ್ಕೆ 7.64 ಕೋಟಿ ಕೊಡಬೇಕೆಂದು ಸುಪ್ರೀಂ ಕೋರ್ಟ್ ಹೇಳಿದ್ದು 2020ರಲ್ಲಿ, ಹತ್ತು ವರ್ಷದ ನಂತರ. ಕಡಿಮೆ ಸಂಬಳದ ಗಲ್ಫ್ ಕೆಲಸಗಾರರ ಮನೆಯವರಿಗೆ ಸಿಕ್ಕಿದ್ದು ಅದರ ಹತ್ತಿರಕ್ಕೂ ಬರುವುದಿಲ್ಲ.

ಒಂದು ಪ್ರಯೋಜನದ ಮಾತು. ವಿಮಾನ ಹೊರಡುವುದಕ್ಕೆ 24 ಗಂಟೆಯೊಳಗೆ ಕಂಪನಿಯ ತಪ್ಪಿನಿಂದ ಹಾರಾಟ ರದ್ದಾದರೆ ಟಿಕೆಟ್ ಹಣ ವಾಪಸ್ ಜತೆಗೆ ಪರಿಹಾರವೂ ಇದೆ: ಹಾರಾಟದ ಅವಧಿ ಒಂದು ಗಂಟೆಯೊಳಗಾದರೆ 5,000 ರೂ., ಎರಡು ಗಂಟೆ ತನಕ 7,500, ಅದಕ್ಕೂ ಮೇಲಾದರೆ 10,000. ಮೂಲ ದರ ಇದಕ್ಕಿಂತ ಕಡಿಮೆಯಿದ್ದರೆ ಅಷ್ಟು. ಟ್ರಾವೆಲ್ಸ್‌ನವರ ಮೂಲಕ ಮಾಡಿದ ಟಿಕೆಟ್‌ಗೂ ಹಣ ವಾಪಸ್ ಕೊಡಿಸುವ ಹೊಣೆ ವಿಮಾನ ಕಂಪನಿಯದ್ದೇ. ನಮ್ಮಲ್ಲಿ ಹೆಚ್ಚಿನವರು ಟಿಕೆಟ್ ಮಾಡುವುದು ಟ್ರಾವೆಲ್ಸ್‌ನ ಪರಿಚಯದವರ ಹತ್ತಿರ, ಮೊಬೈಲ್ ನಂಬರ್ ಕೂಡ ಅವರದ್ದೇ ಕೊಡುತ್ತೇವೆ. ಹಾಗಾದರೆ ರದ್ದಾದ ಸುದ್ದಿ ನಮಗೆ ಬರುವುದಿಲ್ಲ. ನಿಮ್ಮ ಸ್ವಂತ ನಂಬರ್ ಕೊಡಿ, ಮೆಸೇಜ್ ಅಳಿಸಬೇಡಿ. ಕಂಪನಿ ಕೇಳದಿದ್ದರೆ ಸರಕಾರದ ಏರ್‌ಸೇವಾದಲ್ಲಿ ದೂರು ಕೊಡಬಹುದು.

ಮುಂದೆ ನೋಡಬೇಕಾದ ದಿನ ಫೆಬ್ರವರಿ 10. ಇಂಡಿಗೋಗೆ ಕೊಟ್ಟ ವಿನಾಯಿತಿ ಅಂದಿಗೆ ಮುಗಿಯುತ್ತದೆ. ಅದಾಗಿ ಒಂದೇ ವಾರಕ್ಕೆ ರಮಝಾನ್, ಅದರ ಹಿಂದೆಯೇ ಪೆರ್ನಾಲ್, ಎಪ್ರಿಲ್‌ನಲ್ಲಿ ಶಾಲೆಯ ರಜೆ. ವಿಮಾನಗಳಿಗೆ ಬೇಡಿಕೆ ಏರುವ ಕಾಲ, ಇನ್ನೂ ಸ್ವಲ್ಪ ಸಮಯ ಕೊಡಿ ಎಂದು ಕೇಳಲು ಕಂಪನಿಗಳಿಗೆ ಒಳ್ಳೆಯ ನೆಪ ಸಿಗುವ ಕಾಲ. ಕೇಳಿದರೆ ಸರಕಾರ ಏನು ಹೇಳುತ್ತದೋ ನೋಡಬೇಕು. ಆ ದಿನಗಳಲ್ಲಿ ಬಂದರ್‌ನ ಆ ಚಹಾದಂಗಡಿಗೆ ನಾನು ಮತ್ತೊಮ್ಮೆ ಹೋಗುತ್ತೇನೆ. ಬೆಳಗ್ಗಿನ ಜಾವ ಗುಡ್ಡದ ಮೇಲೆ ಇಳಿಯುವ ಗಲ್ಫ್ ವಿಮಾನದಲ್ಲಿ ಬರುವ ಮಗನನ್ನು ಕಾಯುತ್ತಿರುವವರು ಅಲ್ಲಿ ಯಾವಾಗಲೂ ಒಬ್ಬರಾದರೂ ಇರುತ್ತಾರೆ. ಅವರನ್ನೇ ಕೇಳಬೇಕು, ಪೈಲಟ್‌ಗೆ ರೆಸ್ಟ್ ಬೇಕೋ ಬೇಡವೋ ಎಂದು.